ಇಂಟರ್‌ವೆಲ್ ಆದಮೇಲೆ ನಾಗಮಂಗಲ

ನಮ್ಮ ಚಿಕ್ಕಮ್ಮ ಸಿನಿಮಾದ ಮೇಲೆ ಡಾಕ್ಟರೇಟ್ ಪಡೆದವಳು. ಜಗತ್ತಿನ ಯಾವ ಮೂಲೆಯ ಸಿನಿಮಾ ಕೇಳಿ, ಅವಳು ನೋಡಿರುತ್ತಾಳೆ. ನೋಡಿದ್ದಷ್ಟೇ ಅಲ್ಲ, ಅದರ ಮೇಲೆ ಉಪನ್ಯಾಸವನ್ನೂ ಕೊಟ್ಟಿರುತ್ತಾಳೆ. ಇಂಥವಳು ಪಾಂಡವಪುರದ ತನ್ನ ಮನೆಯೊಳಗೆ ಮಾತ್ರ ಯಾರೂ ಸಿನಿಮಾ ನೋಡಕೂಡದು ಎಂದು ಕಟ್ಟಪ್ಪಣೆ ಮಾಡಿದ್ದಳು ಎಂದರೆ ನಂಬುತ್ತೀರಾ? ನಂಬಲೇಬೇಕು! ಆ ಮನೆಯಲ್ಲಿ ಟಿವಿ ಏನೋ ಇತ್ತು. ಅದರಲ್ಲಿ ವಾರ್ತೆ, ಅಡುಗೆ ಮತ್ತು ಹಿಪ್ಪುನೇರಳೆ ಬೆಳೆಯುವ ವಿಧಾನ ಬಿಟ್ಟರೆ ಬೇರೇನೂ ಬರುತ್ತಿರಲಿಲ್ಲ. ಮಿಕ್ಕ ಚಾನೆಲ್ಲುಗಳನ್ನೆಲ್ಲ ಅವಳೇ ಕುಳಿತು ಲಾಕ್ ಮಾಡಿದ್ದಳು. ನೆಂಟರು ಹೋದರೆ ಮೊಬೈಲನ್ನು ಚಪ್ಪಲಿಯ ಪಕ್ಕದಲ್ಲೇ ಬಿಟ್ಟು ಒಳಗೆ ಬರಬೇಕಿತ್ತು. ಚಪ್ಪಲಿಯನ್ನಾದರೂ ಒಳಗೆ ತನ್ನಿ, ಬೇಡ ಅನ್ನುತ್ತಿರಲಿಲ್ಲ!

ನಾನು ಅವಳ ಅಕ್ಕನ ಮಗ. ಅದೇ ಊರಿನ ಬ್ಯಾಂಕಿನಲ್ಲಿ ಕೆಲಸ. ಈ ಕಟ್ಟಪ್ಪಣೆಯ ಗುಟ್ಟು ಗೊತ್ತಿದ್ದವರು ನಾವು ಕೆಲವೇ ಜನ. ಹೇಳುತ್ತೇನೆ, ಅವಸರ ಮಾಡಬೇಡಿ. ಮೊದಲು ಅವಳ ಪರಿಚಯವಾಗಲಿ.

ಅವಳ ಸಂಶೋಧನೆಯ ವಿಷಯ ‘ರಾಷ್ಟ್ರೀಯ ಸಿನಿಮಾ ಮತ್ತು ಡಿಜಿಟಲ್ ಯುಗದ ರೂಪಾಂತರ’. ಹಾಗೆಂದರೇನು ಎಂದು ನಮ್ಮಮ್ಮ ಒಮ್ಮೆ ಮುದ್ದೆ ಕಟ್ಟುತ್ತಾ ಕೇಳಿದಳು.

“ಒಂದು ದೇಶ ತನ್ನ ಬಗ್ಗೆ ತಾನೇ ಹೇಳ್ಕೊಳ್ಳೋ ಕತೆ ರಾಷ್ಟ್ರೀಯ ಸಿನಿಮಾ ಕಣಕ್ಕ. ಅದೇ ಕತೆ ಈಗ ಮೊಬೈಲೊಳಕ್ಕೆ ಬಂದು ಬೇರೆ ಆಕಾರ ತಗೋತದಲ್ಲ, ಅದು ರೂಪಾಂತರ.”

“ಅಂದ್ರೆ ರಾತ್ರಿ ಮುದ್ದೆ ಮಿಕ್ಕುದ್ರೆ ಬೆಳಿಗ್ಗೆ ರೊಟ್ಟಿ ತಟ್ತೀವಲ್ಲ, ಅಂಗೆ ಅನ್ನು.”

ಚಿಕ್ಕಮ್ಮ ಕೂತಲ್ಲಿಂದ ಎದ್ದು ಅಕ್ಕನನ್ನು ತಬ್ಬಿಕೊಂಡಳು. ಮುಂದಿನ ವಿಚಾರಸಂಕಿರಣದಲ್ಲೇ ‘ಮುದ್ದೆ–ರೊಟ್ಟಿ ಸಿದ್ಧಾಂತ’ ಮಂಡನೆಯಾಯಿತು. ಕೇಳಿಸಿಕೊಂಡ ವಿದೇಶಿ ವಿದ್ವಾಂಸರೊಬ್ಬರು ಮುದ್ದೆ ಎನ್ನುವವರು ಯಾವ ದಶಕದ ನಿರ್ದೇಶಕರು ಎಂದು ವಿಚಾರಿಸಿದರಂತೆ. ನಮ್ಮಮ್ಮನಿಗೆ ಈ ಸುದ್ದಿ ಮುಟ್ಟಿಸಿದಾಗ ಅವಳು, “ಯಾರ್ ಕೇಳುದ್ರೂ ಅಷ್ಟೇಯ, ಉಪ್ಪು ನೋಡ್ಕಂಡ್ ಹಾಕು ಅನ್ನು” ಎಂದಳು.

ಕೆ.ಆರ್. ಪೇಟೆಯಲ್ಲಿ ಹಳೆಯ ಟಾಕೀಸೊಂದು ಈಗ ಕಲ್ಯಾಣಮಂಟಪವಾಗಿದೆ. ಅಲ್ಲಿ ಮದುವೆಯಾದರೆ ಸಾಕು, ಯಾರ ಮದುವೆಯೇ ಇರಲಿ, ಚಿಕ್ಕಮ್ಮ ಸ್ಕೂಟರ್ ಹತ್ತುತ್ತಿದ್ದಳು. ಊಟಕ್ಕೆಂದು ತಿಳಿಯಬೇಡಿ. ಹೋದವಳು ಕುರ್ಚಿಯನ್ನು ತಿರುಗಿಸಿ, ಗಂಡು ಹೆಣ್ಣಿಗೆ ಬೆನ್ನು ಹಾಕಿ, ಖಾಲಿ ಗೋಡೆಯನ್ನು ನೋಡುತ್ತಾ ಕುಳಿತುಬಿಡುತ್ತಿದ್ದಳು. ಪರದೆ ಇದ್ದದ್ದು ಆ ಕಡೆಯಂತೆ! ಒಮ್ಮೆ ಹೆಣ್ಣಿನ ಕಡೆಯ ಹಿರಿಯರೊಬ್ಬರು ಬಂದು, “ತಾಯಿ, ತಾವು ಗಂಡಿನ್ ಕಡೆಯೋರಾ, ಹೆಣ್ಣಿನ್ ಕಡೆಯೋರಾ?” ಎಂದು ಕೇಳಿದರು.

“ನಾನು ಪ್ರೇಕ್ಷಕರ ಕಡೆಯವಳು” ಎಂದಳು.

ಅವರು ತಾಂಬೂಲ ಕೊಟ್ಟು ಕಳಿಸಿದರು.

ಇನ್ನು ಶ್ರೀರಂಗಪಟ್ಟಣ. ಮದುವೆಗೆ ಮುಂಚೆ ಗಂಡು ಹೆಣ್ಣು ಹೊಳೆದಂಡೆಯಲ್ಲಿ, ಕೋಟೆಗೋಡೆಯ ಪಕ್ಕದಲ್ಲಿ ಓಡಾಡಿ ವಿಡಿಯೋ ತೆಗೆಸಿಕೊಳ್ಳುವ ಊರು. ಅವೆಲ್ಲ ಹಳೆಯ ಸಿನಿಮಾ ಹಾಡುಗಳ ಡಿಜಿಟಲ್ ರೂಪಾಂತರ ಎನ್ನುವುದು ಚಿಕ್ಕಮ್ಮನ ವಾದ. ವಾದವಿದ್ದ ಮೇಲೆ ಸುಮ್ಮನಿರುವುದುಂಟೇ? ಭಾನುವಾರಗಳಲ್ಲಿ ಅಲ್ಲಿಗೆ ಹೋಗಿ ಹತ್ತಿರದಲ್ಲೇ ನಿಂತು ಅಧ್ಯಯನ ಮಾಡುತ್ತಿದ್ದಳು. ಆಗ ಪರಿಚಯವಾದವನು ಅಲ್ಲಿನ ಗಂಜಾಮಿನ ಕಡೆಯ ಒಬ್ಬ ವಿಡಿಯೋ ಭಾಯಿ. ಮದುವೆ ವಿಡಿಯೋ ತೆಗೆಯುವುದು, ಅದನ್ನು ಕತ್ತರಿಸಿ ಜೋಡಿಸುವುದು ಅವನ ಕಸುಬು. ಅವನೊಂದು ದಿನ ಕೈಮುಗಿದು, “ಮೇಡಂ, ಬುರಾ ಅನ್ಕೋಬೇಡಿ, ಸ್ವಲ್ಪ ಆ ಕಡೆ ಬನ್ನಿ. ಈ ಸೀಸನ್ನಲ್ಲಿ ನಾನ್ ತೆಗೆದ ಎಲ್ಲಾ ವಿಡಿಯೋದಲ್ಲೂ ಹಿಂದ್ಗಡೆ ನೀವೇ ನಿಂತಿದ್ದೀರಾ” ಎಂದ. ಸುತ್ತಮುತ್ತಲ ತಾಲ್ಲೂಕುಗಳ ಎಷ್ಟೋ ದಂಪತಿಗಳು ತಮ್ಮ ಪ್ರೇಮದ ಹಿನ್ನೆಲೆಯಲ್ಲಿ ಕನ್ನಡಕ ಹಾಕಿಕೊಂಡು ಟಿಪ್ಪಣಿ ಮಾಡಿಕೊಳ್ಳುತ್ತಿರುವ ಈ ಹೆಂಗಸು ಯಾರು ಎಂದು ಇವತ್ತಿಗೂ ತಲೆ ಕೆಡಿಸಿಕೊಂಡಿರಬಹುದು. ಅವಳು ನಮ್ಮ ಚಿಕ್ಕಮ್ಮ! ಭಾಯಿಯೂ ಅವಳೂ ಅಂದಿನಿಂದ ಗೆಳೆಯರಾದರು.

ಈಗ ಕಟ್ಟಪ್ಪಣೆಯ ವಿಷಯಕ್ಕೆ ಬರೋಣ. ಅದರ ಮೂಲದಲ್ಲಿ ಇರುವವಳು ನಮ್ಮ ಅಜ್ಜಿ, ಅಂದರೆ ಚಿಕ್ಕಮ್ಮನ ಅವ್ವ. ತೊಂಬತ್ತರ ಹತ್ತಿರದ ಜೀವ, ಚಿಕ್ಕಮ್ಮನ ಜೊತೆಯಲ್ಲೇ ಇದ್ದಾಳೆ. ಕಿವಿ ಚುರುಕು, ನಾಲಿಗೆ ಇನ್ನೂ ಚುರುಕು.

ಅಜ್ಜಿಯ ಸಂಸಾರ ನಡೆದದ್ದು ಸಂತೆಬಾಚಹಳ್ಳಿಯ ಹತ್ತಿರದ ಒಂದು ಹಳ್ಳಿಯಲ್ಲಿ. ಆ ಕಾಲದಲ್ಲಿ ಸಂತೆ ಮೈದಾನದ ಪಕ್ಕ ಟೂರಿಂಗ್ ಟಾಕೀಸಿನ ಡೇರೆ ಬೀಳುತ್ತಿತ್ತು. ಸಂತೆ ಮುಗಿಸಿದ ತಾತ ಟಿಕೆಟ್ ತೆಗೆದುಕೊಂಡು ಡೇರೆಯೊಳಗೆ ನಡೆಯುತ್ತಿದ್ದರು. ಅಜ್ಜಿ ಹೊರಗೆ ಎತ್ತು, ಗಾಡಿ ಕಾಯಬೇಕು. ತೊಡೆಯ ಮೇಲೆ ಮಲಗಿದ ಕೂಸು ಚಿಕ್ಕಮ್ಮ. ತಾತ ಒಳಗೆ ಹೋಗಿ ಏನು ಮಾಡುತ್ತಿದ್ದರು? ನಿದ್ದೆ! ಮರಳಿನ ಮೇಲೆ ಟವೆಲ್ ಹಾಸಿಕೊಂಡು ಸೊಗಸಾಗಿ ನಿದ್ದೆ ಮಾಡಿ ಎದ್ದು ಬರುತ್ತಿದ್ದರು. ಮಾರನೆಯ ದಿನ ಜಗಲಿಯ ಮೇಲೆ ಊರವರು ಸೇರಿ ಏನು ಕತೆ ಎಂದು ಕೇಳಿದರೆ ಅವರಿಗೆ ಗೊತ್ತಿದ್ದರೆ ತಾನೇ? “ಇವಳನ್ನ ಕೇಳಿ” ಎಂದು ಅಜ್ಜಿಯ ಕಡೆ ಕೈ ತೋರಿಸುತ್ತಿದ್ದರು. ಒಳಗೆ ಕಾಲೇ ಇಡದ ಅಜ್ಜಿ ಪೂರ್ತಿ ಸಿನಿಮಾ ಹೇಳುತ್ತಿದ್ದಳು. ಹಾಡು, ಹೊಡೆದಾಟ, ಕುದುರೆಯ ಓಟ ಎಲ್ಲವೂ ಅವಳ ಬಾಯಲ್ಲೇ. ಕಬ್ಬಿನ ಗದ್ದೆಗೆ ಹೊರಟವರು ಮಚ್ಚು ಕೆಳಗಿಟ್ಟು ಕೂರುತ್ತಿದ್ದರಂತೆ.

ಅಜ್ಜಿಯ ಸಿನಿಮಾಗಳಲ್ಲಿ ಒಂದು ವಿಶೇಷವಿತ್ತು. ಅವುಗಳಲ್ಲಿ ತಾಯಂದಿರು ಸಾಯುತ್ತಿರಲಿಲ್ಲ. ಇಂಟರ್‌ವೆಲ್ ಆದಮೇಲೆ ಅವರೆಲ್ಲ ನಾಗಮಂಗಲಕ್ಕೆ ಹೋಗುತ್ತಿದ್ದರು!

ನಾಗಮಂಗಲದ ಕಡೆ ಅಜ್ಜಿಯ ತವರು. ರಾಜನ ಸಿನಿಮಾವಾದರೂ ಅಷ್ಟೆ, ರೈತನ ಸಿನಿಮಾವಾದರೂ ಅಷ್ಟೆ. ರಾಣಿ ಕಿರೀಟ ಇಟ್ಟುಕೊಂಡೇ ನಾಗಮಂಗಲಕ್ಕೆ ಹೋದಳು. ಪಟ್ಟಣದ ಸಾಹುಕಾರನ ಹೆಂಡತಿ ಕಾರಿನಲ್ಲಿ ನಾಗಮಂಗಲಕ್ಕೆ ಹೋದಳು. ಕೊನೆಗೆ ಮಗನ ಮದುವೆಯ ಹೊತ್ತಿಗೆ ಮಡಿಲು ತುಂಬ ಚಕ್ಕುಲಿ ತುಂಬಿಕೊಂಡು ವಾಪಸ್ ಬಂದಳು. ಕೇಳಿದವರಿಗೆಲ್ಲ ಸಮಾಧಾನ. ಯಾರೂ ಅಡ್ಡಪ್ರಶ್ನೆ ಕೇಳಲಿಲ್ಲ, ಏಕೆಂದರೆ ಟಿಕೆಟ್ ತೆಗೆದುಕೊಂಡಿದ್ದ ಏಕೈಕ ಸಾಕ್ಷಿ ನಿದ್ದೆ ಮಾಡಿತ್ತು!

ಈ ಸಿನಿಮಾಗಳನ್ನು ಉಂಡು ಬೆಳೆದವಳು ಚಿಕ್ಕಮ್ಮ. ಮೈಸೂರಿಗೆ ಓದಲು ಹೋದಾಗ ಮೊದಲ ಸಲ ಒಂದು ಹಳೆಯ ಕಪ್ಪುಬಿಳುಪು ಚಿತ್ರ ತೋರಿಸಿದರು. ಒಬ್ಬ ತಾಯಿ, ಎರಡು ಮಕ್ಕಳು, ಒಂದು ಹಸು. ಅಜ್ಜಿ ಹೇಳುತ್ತಿದ್ದ ಕತೆಗಳಲ್ಲಿ ಅವಳಿಗೆ ಪ್ರಾಣವಾಗಿದ್ದ ಕತೆ! ಅರ್ಧಕ್ಕೆ ಬಂದಾಗ ಪರದೆಯ ಮೇಲೆ ತಾಯಿ ಕಣ್ಣು ಮುಚ್ಚಿದಳು. ಕತ್ತಲೆಯಲ್ಲಿ ಚಿಕ್ಕಮ್ಮ ಎದ್ದು ನಿಂತು, “ಸತ್ತಿಲ್ಲ ಸಾರ್! ನಾಗಮಂಗಲಕ್ಕೆ ಹೋಗಿದ್ದಾಳೆ!” ಎಂದು ಕೂಗಿಬಿಟ್ಟಳಂತೆ. ಎಲ್ಲರೂ ನಕ್ಕರು. ಇವಳು ಮಾತ್ರ ನಗಲಿಲ್ಲ. ಅತ್ತುಬಿಟ್ಟಳು. ಆಮೇಲೆ ಕಣ್ಣೊರೆಸಿಕೊಂಡು, ಅದನ್ನೇ ಡಾಕ್ಟರೇಟ್ ಮಾಡಿಕೊಂಡಳು.

ಅವಳ ತೀರ್ಮಾನ ಇದು: ಡೇರೆಗೂ ಗಾಡಿ ನಿಲ್ಲಿಸುವ ಜಾಗಕ್ಕೂ ದೂರ ಬಹಳ, ಗಾಳಿ ಬೀಸುವುದು ಎದುರು ದಿಕ್ಕಿಗೆ, ಆದ್ದರಿಂದ ಅವ್ವನಿಗೆ ಕೇಳಿದ್ದು ಹಾಡು ಮಾತ್ರ, ಮಾತು ಕೇಳಿಲ್ಲ. ಪೋಸ್ಟರ್ ನೋಡಿ, ಹಾಡು ಕೇಳಿ, ಮಿಕ್ಕದ್ದನ್ನೆಲ್ಲ ಅವ್ವ ಸ್ವಂತ ಕಟ್ಟಿದ್ದಾಳೆ. ಗಾಳಿಯ ದಿಕ್ಕಿನ ಬಗ್ಗೆಯೇ ಒಂದು ಲೇಖನವಿದೆ, ನಕ್ಷೆ ಸಮೇತ! ರಾಷ್ಟ್ರೀಯ ಸಿನಿಮಾ ಇರುವುದು ಪರದೆಯ ಮೇಲಲ್ಲ, ಗಾಡಿಯ ಹತ್ತಿರ ಎಂದು ಅವಳು ಹೋದಲ್ಲೆಲ್ಲ ಹೇಳಿದಳು. ನಾಗಮಂಗಲದ ಒಂದು ಕಾಲೇಜಿನಲ್ಲೇ ನಿಂತು, “ನಮ್ಮ ಸಿನಿಮಾದ ಎಲ್ಲ ತಾಯಂದಿರೂ ಈ ಊರಿಗೆ ಬಂದಿದ್ದಾರೆ” ಎಂದು ಘೋಷಿಸಿದಾಗ ಹಿಂದಿನ ಬೆಂಚಿನಿಂದ ಒಬ್ಬ, “ಅದಕ್ಕೇ ಮೇಡಂ ಬಸ್ಸಲ್ಲಿ ಸೀಟೇ ಸಿಗಾಕಿಲ್ಲ” ಎಂದನಂತೆ.

ಎಲ್ಲ ಸರಿ, ಆದರೆ ಒಂದು ಭಯ ಅವಳನ್ನು ಕೊರೆಯುತ್ತಿತ್ತು. ಊರಿಗೆಲ್ಲ ಸಿನಿಮಾ ಹೇಳಿದ ಅವ್ವ ಯಾವತ್ತಾದರೂ ನಿಜವಾದ ಸಿನಿಮಾ ನೋಡಿಬಿಟ್ಟರೆ? ತಾನು ಹೇಳಿದ್ದೆಲ್ಲ ತಪ್ಪು ಎಂದು ಗೊತ್ತಾಗಿಬಿಟ್ಟರೆ? “ಆ ಜೀವಕ್ಕಿದ್ದುದ್ದು ಅದೊಂದೇ ದೊಡ್ಡಸ್ತಿಕೆ ಕಣ್ಲಾ. ಈ ವಯಸ್ಸಲ್ಲಿ ಅದನ್ನ ಕಿತ್ಕಂಡ್ರೆ ಅವ್ವಂಗೆ ಏನುಳೀತದೆ?” ಎಂದು ನನ್ನ ಹತ್ತಿರ ಹೇಳಿಕೊಳ್ಳುತ್ತಿದ್ದಳು. ಗೊತ್ತಾಯಿತಲ್ಲ, ಕಟ್ಟಪ್ಪಣೆಯ ಗುಟ್ಟು? ಅಜ್ಜಿಯ ಕಣ್ಣಿಗೆ ಪೊರೆ ಬಂದಿದ್ದಷ್ಟು ವರ್ಷ, ಕಿವಿಗೆ ಬೀಳದ ಹಾಗೆ ಟಿವಿಗೆ ಬೀಗ ಹಾಕಿದ್ದೇ ಸಾಕಾಗಿತ್ತು. ಹೋದ ವರ್ಷ ಆಪರೇಷನ್ ಆಗಿ ಪೊರೆ ಹೋಯಿತು. ಮನೆಯಲ್ಲಿ ಎಲ್ಲರಿಗೂ ಸಂತೋಷ; ಚಿಕ್ಕಮ್ಮನಿಗೆ ಸಂತೋಷದ ಜೊತೆ ಚಳಿಜ್ವರ!

ಅದಕ್ಕೆ ಸರಿಯಾಗಿ ಅಜ್ಜಿ ಹಟ ಹಿಡಿದಳು. “ಕಣ್ ಬಂದದಲ್ಲ, ಆ ತಾಯಿ, ಅಸಿನ ಸಿನ್ಮಾ ಒಂದ್ ತೋರ್ಸಿ. ಎಲ್ಲಾನೂವೆ ಮೊಬೈಲ್ನಾಗೆ ಸಿಕ್ತದಂತೆ?”

ಚಿಕ್ಕಮ್ಮ ಹೇಳದ ನೆಪವಿಲ್ಲ. ನೆಟ್ ಇಲ್ಲ ಎಂದಳು. ಮಳೆ ಬಂದು ಟವರ್ ಒದ್ದೆಯಾಗಿದೆ ಎಂದಳು. ಸುಡು ಬಿಸಿಲಿತ್ತು! ಆ ಸಿನಿಮಾದ ರೀಲು ಸುಟ್ಟುಹೋಗಿದೆ ಎಂದಳು. ಅಜ್ಜಿ, “ಪಕ್ಕದ್ಮನೆಯವಳು ನೆನ್ನೆ ನೋಡುದ್ಲಂತಲ್ಲ, ಬೂದಿ ನೋಡುದ್ಲಾ?” ಎಂದಳು.

ಬೇರೆ ದಾರಿ ಕಾಣದೆ ಚಿಕ್ಕಮ್ಮ ಒಂದು ನಿರ್ಧಾರ ಮಾಡಿದಳು. ಸಿನಿಮಾ ಅವ್ವ ಹೇಳಿದ ಹಾಗೆ ಇಲ್ಲದಿದ್ದರೆ ಏನಾಯಿತು? ಅವ್ವ ಹೇಳಿದ ಹಾಗೆ ಸಿನಿಮಾವನ್ನೇ ಬದಲಾಯಿಸಿದರಾಯಿತು! ಡಿಜಿಟಲ್ ಯುಗದ ರೂಪಾಂತರದ ಬಗ್ಗೆ ಇಷ್ಟು ವರ್ಷ ಬರೆದವಳು ಈಗ ಅದನ್ನು ಮಾಡಲು ಹೊರಟಳು. ನನ್ನನ್ನು ಸ್ಕೂಟರಿನ ಹಿಂದೆ ಕೂರಿಸಿಕೊಂಡು ಶ್ರೀರಂಗಪಟ್ಟಣದ ವಿಡಿಯೋ ಭಾಯಿಯ ಅಂಗಡಿಗೆ ನುಗ್ಗಿದಳು.

ಭಾಯಿ ಕತೆಯೆಲ್ಲ ಕೇಳಿ ಗಲ್ಲ ಕೆರೆದುಕೊಂಡ. “ತಾಯಿ ಸಾಯೋದು ಕಟ್ ಮಾಡ್ಬೋದು ಮೇಡಂ. ಆದ್ರೆ ಆಮೇಲೆ ಮಕ್ಕಳು ಅಷ್ಟೊಂದು ಅಳ್ತಾವಲ್ಲ, ಅದಕ್ಕೇನ್ ಮಾಡೋದು?”

“ಅಮ್ಮ ಊರಿಗೆ ಹೋದ್ರೆ ಮಕ್ಕಳು ಅಳಲ್ವಾ?”

“ಹಸುನೂ ಅಳ್ತದೆ ಮೇಡಂ.”

“ಅದಕ್ಕೂ ಅಮ್ಮ ಬೇಕು!”

ಸರಿ, ತಾಯಿ ನಾಗಮಂಗಲದ ಬಸ್ ಹತ್ತುವ ದೃಶ್ಯವೊಂದು ಬೇಕಲ್ಲ? ತಾನೇ ನಟಿಸುತ್ತೇನೆಂದಳು ಚಿಕ್ಕಮ್ಮ. ಮುಖದ ಚಿಂತೆ ಬೇಡ, ಎಐ ಹಾಕಿ ಆ ತಾಯಿಯ ಮುಖ ಕೂರಿಸುತ್ತೇನೆ ಎಂದ ಭಾಯಿ. ಒಂದು ಬೆಳಿಗ್ಗೆ ಪಾಂಡವಪುರದ ಬಸ್ ನಿಲ್ದಾಣದಲ್ಲಿ ಚಿತ್ರೀಕರಣ. ಚಿಕ್ಕಮ್ಮ ಕಂಬಿ ಸೀರೆ ಉಟ್ಟು, ಹಣೆಗೆ ಕಾಸಗಲದ ಕುಂಕುಮ ಇಟ್ಟು, ಬಟ್ಟೆಯ ಗಂಟು ಹಿಡಿದು, ಹಿಂತಿರುಗಿ ಹಿಂತಿರುಗಿ ನೋಡುತ್ತಾ ಬಸ್ಸಿನ ಮೆಟ್ಟಿಲು ಹತ್ತಿದಳು. ಏನು ಅಭಿನಯ! ಭಾಯಿ ಮೈಮರೆತು “ವಾಹ್” ಎಂದ. ಕಂಡಕ್ಟರ್ ಸೀಟಿ ಊದಿದ. ಬಾಗಿಲು ಮುಚ್ಚಿತು. ಬಸ್ಸು ಹೊರಟೇಹೋಯಿತು!

ಒಳಗೆ ನಡೆದದ್ದು ಆಮೇಲೆ ಅವಳೇ ಹೇಳಿ ತಿಳಿಯಿತು. ಕಂಡಕ್ಟರ್ ಬಂದು, “ಆಧಾರ್ ತೋರ್ಸಮ್ಮ, ಫ್ರೀ ಟಿಕೆಟ್ ಕೊಡ್ತೀನಿ” ಎಂದನಂತೆ. ಆಧಾರ್ ಇದ್ದ ಕೈಚೀಲ ನನ್ನ ಹೆಗಲಿನಲ್ಲಿತ್ತು. ಚಿಕ್ಕಮ್ಮ ಇನ್ನೂ ಪಾತ್ರದ ಗುಂಗಿನಿಂದ ಹೊರಬಂದಿರಲಿಲ್ಲ. “ನಮ್ಮ ಕಾಲದಲ್ಲಿ ಆಧಾರ್ ಎಲ್ಲಿತ್ತಪ್ಪ?” ಎಂದಳು. ಕಂಡಕ್ಟರ್ ಅವಳ ಕುಂಕುಮ ನೋಡಿದ, ಗಂಟು ನೋಡಿದ, “ಆಯ್ತು ಕೂತ್ಕೊಳವ್ವ, ಮನೇಲಿ ಜಗ್ಳ ಆಡ್ಕಂಡ್ ಬಂದಿದ್ದೀಯಾ?” ಎಂದು ಮೆತ್ತಗೆ ಕೇಳಿದ. ನಾನೂ ಭಾಯಿಯೂ ಸ್ಕೂಟರಿನಲ್ಲಿ ಹಿಂದೆ ಬಿದ್ದೆವು, ಸಿಗಲಿಲ್ಲ. ಅಂತೂ ಸಿನಿಮಾದ ತಾಯಂದಿರಲ್ಲಿ ನಾಗಮಂಗಲಕ್ಕೆ ನಿಜವಾಗಿ ಹೋಗಿ ಮುಟ್ಟಿದವಳು ನಮ್ಮ ಚಿಕ್ಕಮ್ಮ ಒಬ್ಬಳೇ.

ಕತ್ತರಿಸಿ ಜೋಡಿಸುವ ಕೆಲಸ ಅಂಗಡಿಯಲ್ಲಿ ಬಹಳ ದಿನ ನಡೆಯಿತು. ಎಐ ಮೊದಲ ಪ್ರಯತ್ನದಲ್ಲಿ ತಾಯಿಯ ಮುಖವನ್ನು ಹಸುವಿಗೆ ಕೂರಿಸಿತು. ಎರಡನೆಯದರಲ್ಲಿ ಕಂಡಕ್ಟರಿಗೆ! ಕೊನೆಗೆ ಸರಿಯಾಯಿತು. ತಾಯಿ ವಾಪಸ್ ಬರುವ ದೃಶ್ಯಕ್ಕೆ ಭಾಯಿ ಕಸುಬಿನ ಅಭ್ಯಾಸಬಲದಿಂದ ಗುಲಾಬಿ ದಳ ಉದುರಿಸಿ, ಮೂಲೆಯಲ್ಲಿ ಎರಡು ಹಂಸ ಇಟ್ಟಿದ್ದ. ಹಂಸ ತೆಗೆಸಿದೆವು. ದಳ ಇರಲಿ ಎಂದಳು ಚಿಕ್ಕಮ್ಮ.

ಒಂದು ಭಾನುವಾರ ಬೆಳಿಗ್ಗೆ ಮನೆಯ ಕಿಟಕಿಗಳಿಗೆಲ್ಲ ಜಮಖಾನ ಕಟ್ಟಿ, ಭಾಯಿಯ ಪ್ರೊಜೆಕ್ಟರ್ ಇಟ್ಟು, ಗೋಡೆಯ ಮೇಲೆ ಸಿನಿಮಾ ಬಿಟ್ಟೆವು. ಅಜ್ಜಿ ಹೊಸ ಕನ್ನಡಕ ಹಾಕಿಕೊಂಡು ಎದುರಿಗೆ ಕುಳಿತಳು. ನಮ್ಮಮ್ಮನೂ ನಾನೂ ಪಕ್ಕದಲ್ಲಿ, ಪ್ರೊಜೆಕ್ಟರಿನ ಹತ್ತಿರ ಭಾಯಿ. ಚಿಕ್ಕಮ್ಮ ಮಾತ್ರ ಗೋಡೆ ನೋಡುತ್ತಿರಲಿಲ್ಲ. ಅಜ್ಜಿಯ ಮುಖವನ್ನೇ ನೋಡುತ್ತಿದ್ದಳು. ಎಷ್ಟೋ ಸಭೆಗಳಲ್ಲಿ ಹೆದರದ ಹೆಂಗಸು ಅವತ್ತು ಉಗುರು ಕಚ್ಚುತ್ತಿದ್ದಳು.

ತಾಯಿ ಕಾಯಿಲೆ ಬಿದ್ದಳು. ಮಕ್ಕಳು ಹತ್ತಿರ ಬಂದವು. ಟಕ್ಕನೆ ಬಸ್ಸು ಬಂತು. ತಾಯಿ ಗಂಟು ಹಿಡಿದು ಹತ್ತಿದಳು.

“ಅಯ್, ಇವ್ಳ್ಯಾಕ್ಲಾ ಬಸ್ ಅತ್ತುದ್ಲು?” ಎಂದಳು ಅಜ್ಜಿ.

“ತೌರಿಗೆ ಓಗ್ತಾವ್ಳೆ ಕಣವ್ವ. ನಾಗಮಂಗ್ಲುಕ್ಕೆ. ನೀನೇ ಯೋಳ್ತಿದ್ಯಲ್ಲ?” ಚಿಕ್ಕಮ್ಮನ ಇಂಗ್ಲಿಷು, ಸಿದ್ಧಾಂತ ಎಲ್ಲ ಎಲ್ಲಿಗೆ ಹೋಗಿತ್ತೋ!

“ಸತ್ತೋಗ್ಬೇಕಲ್ಲ ಇಲ್ಲಿ?”

ಭಾಯಿಯ ಕೈ ಗುಂಡಿಯ ಮೇಲೆ ಹೋಯಿತು. ಸಿನಿಮಾ ನಿಂತಿತು.

ಅಜ್ಜಿ ಯಾವ ಗಾಬರಿಯೂ ಇಲ್ಲದೆ ಮುಂದುವರಿಸಿದಳು. “ದೊಡ್ಡುಡ್ಗ ನೀರ್ ತರಕ್ಕೆ ಓಗಿರ್ತಾನೆ. ಚಿಕ್ಕುದು ಅವ್ವಾ, ಎದ್ದೇಳವ್ವಾ ಅಂತದೆ. ಆಮೇಲೆ ಅಸ ಕೂಗ್ತದೆ. ಆಮೇಲೆ ಪಿಟೀಲು. ಡೇರೆ ಒಳ್ಗೆ ಜನ ಮೂಗ್ ಸೀಟೋದೂ ಕೇಳಿಸ್ತಿತ್ತು ನಂಗೆ.”

“ನಿಂಗೆ ಮಾತೂ ಕೇಳಿಸ್ತಿತ್ತಾ ಅವ್ವಾ?”

“ಕೇಳಿಸ್ದೆ ಏನು? ಬಟ್ಟೆ ಗೋಡೆ ಕಣ್ ಮಗ ಅದು.”

ಗಾಳಿಯ ದಿಕ್ಕಿನ ಲೇಖನ, ನಕ್ಷೆ ಸಮೇತ, ಅಲ್ಲೇ ಹಾರಿಹೋಯಿತು. ನನಗೆ ನಗು ಬಂತು, ನಮ್ಮಮ್ಮನಿಗೂ ಬಂತು. ಆದರೆ ಚಿಕ್ಕಮ್ಮನ ಮುಖ ನೋಡಿ ಇಬ್ಬರೂ ನಗು ನುಂಗಿಕೊಂಡೆವು.

“ಮತ್ಯಾಕವ್ವ ನಾಗಮಂಗ್ಲ ಅಂತ ಯೋಳುದೆ?”

ಅಜ್ಜಿ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿಕೊಂಡಳು. “ಈ ಸಿನ್ಮಾ ಡೇರೆಗ್ ಬರಕ್ಕೆ ಒಂದ್ವರ್ಷ ಮುಂಚೆ ನಾನು ಮೈಸೂರಾಸ್ಪತ್ರೇಲಿ ಮಲಗ್ಬುಟ್ಟಿದ್ದೆ. ಉಳಿಯಕ್ಕಿಲ್ಲ ಅಂದ್ಬುಟ್ಟಿದ್ರು ಡಾಕ್ಟ್ರು. ನೀನು ಅಳ್ತೀಯ ಅಂತ ನಿಮ್ಮಪ್ಪ ನಿಂಗೆ, ಅವ್ವ ನಾಗಮಂಗ್ಲುಕ್ಕೋಗವ್ಳೆ ಅಂತ ಯೋಳಿದ್ರು. ನಾನು ಎಂಗೋ ಉಳ್ಕಂಡ್ ಬಂದೆ. ಬಂದ್ಮೇಲೆ ನೀನು ನಾನು ಕೊಟ್ಗೆಗೋದ್ರೂ ಇಂದಿಂದೇ ಬತ್ತಿದ್ದೆ. ನಾಗಮಂಗ್ಲುಕ್ಕೋದೋರು ವಾಪಸ್ ಬತ್ತಾರೆ ಅಂತ ಅದೊಂದು ನಿಂಗೆ ಗೊತ್ತಿತ್ತು. ಅಂಥಾ ಕೂಸ್ಗೆ ತಾಯಿ ಸತ್ಲು ಅಂತ ಎಂಗ್ ಯೋಳ್ಲಿ? ಜಗಲಿ ಮೇಲೆ ಊರೋರೆಲ್ಲ ಇದ್ರು, ಅವರ್ಗೋಸ್ಕರ ಯೋಳ್ತಿರ್ನಿಲ್ಲ ನಾನು. ನೀನು ತೊಡೆ ಮೇಲಿದ್ದೆ, ನಿಂಗೆ ಯೋಳ್ತಿದ್ದೆ.”

ಚಿಕ್ಕಮ್ಮನಿಗೆ ಇದೊಂದೂ ನೆನಪಿರಲಿಲ್ಲ. ಅವ್ವ ಒಮ್ಮೆ ಸಾವಿನ ಬಾಗಿಲಿಗೆ ಹೋಗಿ ಬಂದಿದ್ದಳೆಂಬುದೇ ಅವಳಿಗೆ ಗೊತ್ತಿರಲಿಲ್ಲ. ಇಷ್ಟು ವರ್ಷ ಅವ್ವನ ಮನಸ್ಸು ನೋಯಬಾರದೆಂದು ಟಿವಿಗೆ ಬೀಗ ಹಾಕಿ, ಸುಳ್ಳು ಹೇಳಿ, ಸಿನಿಮಾವನ್ನೇ ತಿದ್ದಿದವಳು ಈಗ ಬೆಪ್ಪಾಗಿ ನಿಂತಿದ್ದಳು. ನನಗೆ ಅವಳ ಮೇಲೆ ಅಷ್ಟು ಪ್ರೀತಿ ಹಿಂದೆಂದೂ ಬಂದಿರಲಿಲ್ಲ. ಭಾಯಿ ಪ್ರೊಜೆಕ್ಟರಿನ ವೈರು ಸರಿಮಾಡುವವನಂತೆ ಆಚೆ ತಿರುಗಿಕೊಂಡ.

ಚಿಕ್ಕಮ್ಮ ಕೆಳಗೆ ಅಜ್ಜಿಯ ಕಾಲ ಬಳಿ ಕುಳಿತಳು. “ಈಗ್ಲಾದ್ರೂ ನಿಜವಾದ್ ಕತೆ ಯೋಳವ್ವ. ಆ ತಾಯಿ ಎಂಗ್ ಸತ್ಲು ಅಂತ ನಿನ್ ಬಾಯಲ್ಲಿ ಒಂದ್ಸಲ ಕೇಳ್ತೀನಿ. ನಾನೀಗ ಕೂಸಲ್ಲ.”

ಅಜ್ಜಿ ಮಗಳ ನರೆತ ತಲೆಯ ಮೇಲೆ ಕೈಯಿಟ್ಟಳು.

“ಬ್ಯಾಡ ಬುಡು ಮಗ. ಆಗ ನಂಗಿನ್ನೂ ಗಟ್ಟಿ ವಯಸ್ಸು, ಆಗ್ಲೇ ಯೋಳ್ನಿಲ್ಲ. ಈಗ ಯೋಳ್ತೀನಾ?” ಎಂದು ಕನ್ನಡಕ ಹಾಕಿಕೊಂಡು ಗೋಡೆಯ ಕಡೆ ತಿರುಗಿದಳು. “ನೀನು ಮುಂದಕ್ಕೆ ಆಕಪ್ಪ ಭಾಯಿ. ಅವ್ಳು ವಾಪಸ್ ಬರೋಗಂಟ ನೋಡವ.”

ಭಾಯಿ ಸಿನಿಮಾ ಬಿಟ್ಟ. ಚಿಕ್ಕಮ್ಮ ಅಜ್ಜಿಯ ಮೊಣಕಾಲಿಗೆ ಒರಗಿಕೊಂಡು ಕಡೆಯವರೆಗೂ ನೋಡಿದಳು.